ಹಿಂದಿರುಗುವ ಮುಹೂರ್ತ



ಹೊರಡುವ ಮುಹೂರ್ತವನ್ನು ಗೊತ್ತುಮಾಡಲು ನಮ್ಮಲ್ಲಿ ಪಂಚಾಂಗವುಂಟು. ಹಿಂದಿರುಗುವ ಮುಹೂರ್ತಕ್ಕೆ ಅಂತಹ ಪಂಚಾಂಗವನ್ನು ಯಾರೂ ಬರೆದಂತಿಲ್ಲ. ಅದನ್ನು ತಾನೇ ಲೆಕ್ಕಹಾಕಿ ಕಂಡುಕೊಂಡ ಪ್ರಯಾಣಿಕನೊಬ್ಬನ ವಿಚಾರವನ್ನು ಈ ಹೊತ್ತು ತಮ್ಮ ಮುಂದಿಡುತ್ತೇನೆ. ಆತನು ಅರ್ನೆಸ್ಟ್ ಶ್ಯಾಕಲ್ಟನ್.

1908ನೆಯ ಅಕ್ಟೋಬರ್ 29ರಂದು ಆತನೂ ಆಡಮ್ಸ್, ಮಾರ್ಷಲ್, ವೈಲ್ಡ್ ಎಂಬ ಮೂವರು ಸಂಗಡಿಗರೂ ನಾಲ್ಕು ತಟ್ಟುಗಳೊಡನೆ ದಕ್ಷಿಣ ಧ್ರುವವನ್ನು ಕುರಿತು ಹೊರಟರು. ಅದುವರೆಗೆ ಯಾವ ಮನುಷ್ಯನೂ ಅಲ್ಲಿ ಕಾಲಿಟ್ಟಿರಲಿಲ್ಲ. ದಾರಿಯಲ್ಲಿ ಮೂರು ತಟ್ಟುಗಳನ್ನು ಕೊಂದು, ಮಾಂಸವನ್ನು ಮರಳುವ ದಾರಿಗೆಂದು ಹಿಮದಲ್ಲಿ ಕೂಡಿಟ್ಟರು. ನಾಲ್ಕನೆಯದು ಡಿಸೆಂಬರ್ 7ರಂದು ಬಿಯರ್ಡ್‌ಮೋರ್ ಹಿಮನದಿಯ ಬಿರುಕಿನಲ್ಲಿ ಬಿದ್ದುಹೋಯಿತು. ಅದರೊಡನೆ ಹಲವು ದಿನಗಳ ಆಹಾರವೂ ಹೋಯಿತು. ಮುಂದೆ ನಾಲ್ವರೂ ತಾವೇ ಹಿಮಬಂಡಿಯನ್ನೆಳೆಯುತ್ತ, ಹತ್ತು ಸಾವಿರ ಅಡಿಗಳಿಗೂ ಎತ್ತರವಾದ ಬಯಲಿನಲ್ಲಿ ಅರೆಹೊಟ್ಟೆಯಲ್ಲಿ ನಡೆದರು.

1909ನೆಯ ಜನವರಿ 9ರಂದು, ಎರಡು ದಿನದ ಬಿರುಗಾಳಿ ನಿಂತ ಮೇಲೆ, ಬಂಡಿಯನ್ನೂ ಗುಡಾರವನ್ನೂ ಬಿಟ್ಟು ಬೆಳಗಿನ ಜಾವ 4 ಗಂಟೆಗೆ ಹೊರಟು, 9 ಗಂಟೆಗೆ ನಿಂತು ಬಾವುಟ ನೆಟ್ಟರು. ಅದು 88 ಡಿಗ್ರಿ 23 ಮಿನಿಟುಗಳ ಅಕ್ಷಾಂಶ. ಧ್ರುವ ಇನ್ನು ಸುಮಾರು 180 ಕಿಲೋಮೀಟರು.

ಅವರ ಕಾಲಿನಲ್ಲಿ ಇನ್ನೂ ಶಕ್ತಿಯಿತ್ತು. ಧ್ರುವವನ್ನು ಮುಟ್ಟಿಯೂ ಬಿಡುತ್ತಿದ್ದರೆಂದು ನನಗೆ ತೋರುತ್ತದೆ. ಆದರೆ ಹೋಗಿಬರುವ ದಾರಿ 360 ಕಿಲೋಮೀಟರು. ದಿನಕ್ಕೆ 20ರಂತೆ ಹಿಡಿದರೂ 18 ದಿನಗಳ ಆಹಾರ ಬೇಕು. ಅದು ಅವರಲ್ಲಿರಲಿಲ್ಲ. ರಣವನ್ನು ಕಂಡು ರಥದಿಂದ ಹಾರಿದ ಉತ್ತರಕುಮಾರನನ್ನು ನೆನೆದು ನಗುವ ನಾವು ಇಲ್ಲಿ ಒಂದು ಭೇದವನ್ನು ಗಮನಿಸಬೇಕು: ಅವನು ಎದುರಿಗಿದ್ದುದನ್ನು ನೋಡಿ ಓಡಿದನು, ಈತನು ಚೀಲದಲ್ಲಿದ್ದುದನ್ನು ಎಣಿಸಿ ತಿರುಗಿದನು. ಶೂರರಿಗೆ ಎಣಿಸುವ ಅಭ್ಯಾಸ ಅಪರೂಪವೆಂದು ಕಾಣುತ್ತದೆ!

ಆ ಎಣಿಕೆಯಲ್ಲಿ ಧಾರಾಳವೇನೂ ಇರಲಿಲ್ಲ. ಬಂಡಿಗೆ ಕಟ್ಟಿದ ಹಾಯಿಯನ್ನು ಬೆನ್ನಗಾಳಿ ನೂಕಿತು. ಆದರೂ ಒಂದು ಉಗ್ರಾಣದಿಂದ ಇನ್ನೊಂದನ್ನು ತಲಪುವಷ್ಟರಲ್ಲಿ ಚೀಲ ಬರಿದಾಗುತ್ತಿತ್ತು. ಹೊಟ್ಟೆಯ ಜಾಡ್ಯ ಬೇರೆ. ಜನವರಿ 31ರಂದು ಶ್ಯಾಕಲ್ಟನ್ ತನ್ನ ಪಾಲಿನ ಬಿಸ್ಕತ್ತನ್ನು ಬಲವಂತದಿಂದ ವೈಲ್ಡನಿಗೆ ಕೊಟ್ಟನು. ವೈಲ್ಡನು ಅದನ್ನು ದಿನಚರಿಯಲ್ಲಿ ಬರೆದಿಟ್ಟಿದ್ದಾನೆ. ಇನ್ನೊಂದೆರಡು ದಿನ ದಕ್ಷಿಣಕ್ಕೆ ನಡೆದಿದ್ದರೆ ಈ ದಿನಚರಿ ಯಾರ ಕೈಗೆ ಸಿಕ್ಕುತ್ತಿತ್ತೋ!

ಮಾರ್ಚ್ 1ರ ಹೊತ್ತಿಗೆ ಹಡಗು ಹೊರಟುಹೋಗುವುದೆಂದು ಗೊತ್ತಾಗಿತ್ತು. ಮಾರ್ಷಲನಿಗೆ ನಡೆಯಲಾಗದೆ ಆಡಮ್ಸನು ಅವನೊಡನೆ ಹಿಂದೆ ಉಳಿದನು. ಉಳಿದಿಬ್ಬರು ಫೆಬ್ರವರಿ 28ರ ಸಂಜೆ ಕಡಲತೀರದ ಗುಡಿಸಲನ್ನು ಮುಟ್ಟಿದರು. ಹಡಗು ಬಂದ ಮೇಲೆ, ಹಿಂದೆ ಉಳಿದವರನ್ನು ಕರೆತರಲು ಶ್ಯಾಕಲ್ಟನ್ ತಾನೇ ಮತ್ತೆ ಹೊರಟನು.