ಬೆಳಕಿನಲ್ಲಿ ಬರೆದ ದನಿ

1924ರ ಆಗಸ್ಟ್‌ನಲ್ಲಿ ಅಮೆರಿಕದ ಅಧ್ಯಕ್ಷ ಕ್ಯಾಲ್ವಿನ್ ಕೂಲಿಜ್ ಶ್ವೇತಭವನದ ಅಂಗಳದಲ್ಲಿ ಕ್ಯಾಮೆರಾದೆದುರು ನಿಂತು, ಕೈಯಲ್ಲಿದ್ದ ಹಾಳೆ ನೋಡಿಕೊಂಡು ಸರ್ಕಾರದ ಖರ್ಚು ಕಡಿಮೆಯಾಗಬೇಕೆಂಬ ಭಾಷಣ ಓದಿದರು. ಅಧಿಕಾರದಲ್ಲಿದ್ದ ಅಮೆರಿಕದ ಅಧ್ಯಕ್ಷರೊಬ್ಬರು ಮಾತನಾಡುವ ಮೊದಲ ಚಲನಚಿತ್ರ ಅದು. ಮಿತಭಾಷಿಯೆಂದೇ ಹೆಸರಾಗಿದ್ದವರಿಗೆ ಈ ಗೌರವ ಸಂದದ್ದು ಚರಿತ್ರೆಯ ಸಣ್ಣ ತಮಾಷೆ.

ಸಂಶೋಧಕ ಲೀ ಡಿ ಫಾರೆಸ್ಟ್ ಅವರ ಫೋನೋಫಿಲ್ಮ್ ವಿಧಾನ ಇದನ್ನು ಸಾಧ್ಯವಾಗಿಸಿತು. ಮೈಕ್ರೊಫೋನಿಗೆ ಬಿದ್ದ ದನಿ ವಿದ್ಯುತ್ತಾಗಿ, ಆ ವಿದ್ಯುತ್ತು ವಿಶೇಷ ದೀಪವೊಂದರ ಬೆಳಕನ್ನು ಏರಿಳಿಸುತ್ತಿತ್ತು. ಆ ಏರಿಳಿತ ಫಿಲ್ಮಿನ ಅಂಚಿನಲ್ಲಿ ತೆಳು ಗೆರೆಗಳಾಗಿ ಮೂಡುತ್ತಿತ್ತು. ಪ್ರದರ್ಶನದಲ್ಲಿ ಆ ಗೆರೆಗಳ ಮೂಲಕ ಹಾದ ಬೆಳಕನ್ನು ದ್ಯುತಿಕೋಶ ಮತ್ತೆ ದನಿಯಾಗಿಸಲು ನೆರವಾಗುತ್ತಿತ್ತು. ಚಿತ್ರವೂ ಮಾತೂ ಒಂದೇ ಪಟ್ಟಿಯಲ್ಲಿದ್ದುದರಿಂದ ಗ್ರಾಮಫೋನ್ ತಟ್ಟೆಯನ್ನು ಜೋಡಿಸಿ ತುಟಿಗೂ ಮಾತಿಗೂ ಹೊಂದಿಸುವ ಪೇಚಾಟ ತಪ್ಪಿತು.

ಈ ದೀಪದ ಸುಧಾರಣೆಯಲ್ಲಿ ಡಿ ಫಾರೆಸ್ಟ್ ಅವರೊಂದಿಗೆ ಕೆಲಸ ಮಾಡಿದ ಸಂಶೋಧಕ ಥಿಯೋಡರ್ ಕೇಸ್ ಅವರ ಪಾಲು ದೊಡ್ಡದು. ಕೀರ್ತಿ ಮಾತ್ರ ಬಹುಪಾಲು ಡಿ ಫಾರೆಸ್ಟ್ ಅವರಿಗೇ ಹೋಯಿತು. ಇಬ್ಬರೂ ಬೇರೆಯಾದ ಮೇಲೆ ಕೇಸ್ ಅವರ ವಿಧಾನ ಫಾಕ್ಸ್ ಸಂಸ್ಥೆಯ ಮೂವಿಟೋನ್ ಆಯಿತು. 1927ರ ಸೆಪ್ಟೆಂಬರ್‌ನಲ್ಲಿ ನ್ಯೂಯಾರ್ಕ್‌ನಲ್ಲಿ ಮೂವಿಟೋನ್ ದನಿಯಿದ್ದ ‘ಸನ್‌ರೈಸ್’ ಚಿತ್ರ ತೆರೆಕಂಡಾಗ ಜೊತೆಯಲ್ಲೇ ಇಟಲಿಯ ಮುಸೊಲಿನಿಯ ಭಾಷಣಚಿತ್ರವೂ ಪ್ರದರ್ಶನಗೊಂಡಿತು. ಹೊಸ ಯಂತ್ರಕ್ಕೆ ಪ್ರಜಾಪ್ರಭುತ್ವವಾದಿ, ಸರ್ವಾಧಿಕಾರಿ ಎಂಬ ಭೇದವಿರಲಿಲ್ಲ.

1931ರಲ್ಲಿ ಅದೇ ಮೂವಿಟೋನ್ ತಂಡ ಗುಜರಾತಿನ ಬೋರ್ಸದ್‌ನಲ್ಲಿ ಗಾಂಧೀಜಿಯವರ ಸಂದರ್ಶನವನ್ನು ದನಿಸಹಿತ ಚಿತ್ರೀಕರಿಸಿತು. ಭಾರತದ ಮೊದಲ ವಾಕ್ಚಿತ್ರ ‘ಆಲಂ ಆರಾ’ ಬಂದದ್ದೂ ಆ ವರ್ಷವೇ. ಆ ಸಂದರ್ಶನದ ಗಾಂಧೀಜಿಯವರಲ್ಲಿ ಭಾಷಣದ ಅಬ್ಬರವಿಲ್ಲ. ಕೇಳಿದ್ದಕ್ಕೆ ಚುಟುಕು ಉತ್ತರ, ಅಷ್ಟೆ.