ಗ್ರಾಮಸಭೆಯಲ್ಲಿ ನಮ್ಮ ಮಾತು

(ರೋಣ, ನರಗುಂದ, ಗಜೇಂದ್ರಗಡ ತಾಲೂಕುಗಳ ಮಹಿಳಾ ಸ್ವಸಹಾಯ ಸಂಘಗಳ ಸದಸ್ಯರಿಗೆ ನೀಡಿದ ಉಪನ್ಯಾಸ)



ಹೊಲ-ಮನಿ ಕೆಲಸ ಬಿಟ್ಟು ಬಂದೀರಿ. ಅದಕ್ಕೆ ನಿಮ್ಮ ಉಪಯೋಗಕ್ಕೆ ಬರುವ ಒಂದೇ ವಿಷಯ ಮಾತಾಡ್ತೇನೆ. ಗ್ರಾಮಸಭೆಗೆ ಹೋಗಿ ನಾವು ಮಾಡಬೇಕಾದ್ದೇನು?

ಪ್ರಜಾಪ್ರಭುತ್ವ ಅಂದ ಕೂಡಲೇ ನಮಗೆ ನೆನಪಾಗೋದು ಓಟು. ಬೆರಳಿಗೆ ಶಾಯಿ ಹಚ್ಚಿಸಿಕೊಂಡು ಬಂದರೆ ಐದು ವರ್ಷ ನಮ್ಮ ಕೆಲಸ ಮುಗೀತು ಅಂತ ತಿಳಿದೀವಿ. ಓಟು ದೊಡ್ಡದೇ. ಆದರೆ ಕುರ್ಚಿ ಮೇಲೆ ಯಾರು ಕೂಡಬೇಕು ಅನ್ನೋದನ್ನಷ್ಟೇ ಅದು ಹೇಳ್ತದೆ. ಯಾವ ಓಣಿಗೆ ನಳ ಬೇಕು, ಯಾರ ಮನೆ ಮೊದಲು ಆಗಬೇಕು ಅನ್ನೋದನ್ನ ಜನ ಕೂಡಿ ಕೂತು, ಕಾರಣ ಹೇಳಿ, ಕಾರಣ ಕೇಳಿ ತೀರ್ಮಾನ ಮಾಡಬೇಕು. ಇದಕ್ಕೆ ಓದಿದವರು ‘ಸಮಾಲೋಚನಾ ಪ್ರಜಾಪ್ರಭುತ್ವ’ ಅಂತಾರೆ. ಜರ್ಮನಿಯ ತತ್ವಜ್ಞಾನಿ ಯುರ್ಗೆನ್ ಹಾಬರ್ಮಾಸ್ ಇದರ ಬಗ್ಗೆ ಬಹಳ ಬರೆದಿದ್ದಾರೆ. ಅವರ ವಿಚಾರದ ತಿರುಳು ಇಷ್ಟು: ಒಂದು ತೀರ್ಮಾನದ ಬಿಸಿ ಯಾರಿಗೆ ತಟ್ಟುತ್ತದೆಯೋ ಅವರೆಲ್ಲರಿಗೂ ಅಂಜಿಕೆ ಇಲ್ಲದೆ ಮಾತಾಡಲು ಅವಕಾಶ ಇರಬೇಕು. ದುಡ್ಡು, ದರ್ಪ ಗೆಲ್ಲಬಾರದು. ಸರಿಯಾದ ಕಾರಣ ಗೆಲ್ಲಬೇಕು.

ಇದು ನಿಮಗೆ ಹೊಸದೇನಲ್ಲ. ಸಂಘದಲ್ಲಿ ಸಾಲ ಕೊಡಲು 20,000 ರೂಪಾಯಿ ಇದೆ ಅಂತ ಇಟ್ಟುಕೊಳ್ರಿ. ಒಬ್ಬಾಕಿಗೆ ಎಮ್ಮೆ ತರಬೇಕು, ಒಬ್ಬಾಕಿಗೆ ಬಿತ್ತನೆ ಬೀಜ, ಇನ್ನೊಬ್ಬಾಕಿಗೆ ಮಗಳ ಆಪರೇಷನ್. ಬರೀ ಕೈ ಎತ್ತಿಸಿದರೆ ಯಾರಿಗೆ ಬಳಗ ದೊಡ್ಡದೋ ಅವರಿಗೇ ಸಾಲ. ನೀವು ಹಾಗೆ ಮಾಡೋದಿಲ್ಲ. ಆಪರೇಷನ್ ಯಾವಾಗ, ಬಿತ್ತನೆಗೆ ಎಷ್ಟು ದಿನ ಉಳಿದಾವ ಅಂತ ಕೇಳ್ತೀರಿ. ಆಗ ಎಮ್ಮೆ ಕೇಳಿದಾಕಿನೇ, ‘ನಂದು ಮುಂದಿನ ತಿಂಗಳಕ್ಕಿರಲ್ರಿ’ ಅಂತಾಳೆ. ಆಕೆಯನ್ನು ಯಾರೂ ಸೋಲಿಸಲಿಲ್ಲ. ಬೇರೆಯವರ ಕಷ್ಟ ಕೇಳಿ ತಾನೇ ಮನಸ್ಸು ಬದಲಿಸಿದಳು. ಸಮಾಲೋಚನೆ ಅಂದರೆ ಇದೇ.

ನಮ್ಮ ನಾಡಿಗೂ ಇದು ಹಳೆಯ ವಿಚಾರ. 12ನೇ ಶತಮಾನದ ಕಲ್ಯಾಣದ ಶರಣರ ಗೋಷ್ಠಿಯನ್ನು ಅನುಭವ ಮಂಟಪ ಎಂದು ಇಂದಿಗೂ ನೆನೆಯುತ್ತೇವೆ. ಅಲ್ಲಿಗೆ ಬಂದ ಅಕ್ಕಮಹಾದೇವಿಯನ್ನು ಅಲ್ಲಮಪ್ರಭು ಕಠಿಣವಾಗಿ ಪ್ರಶ್ನಿಸಿದ ಪ್ರಸಂಗ ‘ಶೂನ್ಯಸಂಪಾದನೆ’ಯಲ್ಲಿ ಬರುತ್ತದೆ. ಅಕ್ಕ ಸಿಟ್ಟಾಗಿ ಎದ್ದು ಹೋಗಲಿಲ್ಲ, ಸುಮ್ಮನೂ ಕೂಡಲಿಲ್ಲ. ಒಂದೊಂದು ಪ್ರಶ್ನೆಗೂ ಉತ್ತರ ಕೊಟ್ಟಳು. ಸಭೆಯಲ್ಲಿ ನಮ್ಮನ್ನು ಯಾರಾದರೂ ಪ್ರಶ್ನೆ ಕೇಳಿದರೆ ಅವಮಾನ ಅಂತ ತಿಳೀಬಾರದು ಅನ್ನೋದಕ್ಕೆ ಈ ಮಾತು ಹೇಳಿದೆ.

ಜನರ ಮಾತು ಕೇಳದೆ ಮುಂದೆ ಹೋದರೆ ಏನಾಗ್ತದೆ ಅನ್ನೋದನ್ನ ನರಗುಂದದವರಿಗೆ ಹೇಳಬೇಕಾಗಿಲ್ಲ. ಮಲಪ್ರಭಾ ಅಚ್ಚುಕಟ್ಟಿನ ಹೊಲಗಳ ಮೇಲೆ ಸರ್ಕಾರ ಬೆಟರ್‌ಮೆಂಟ್ ಲೆವಿ ಎಂಬ ಕರ ಹಾಕಿತು. ‘ಹೊಲಕ್ಕೆ ಸರಿಯಾಗಿ ನೀರೇ ಬಂದಿಲ್ಲ, ಕರ ಯಾತಕ್ಕ?’ ಎಂಬುದು ರೈತರ ಪ್ರಶ್ನೆ. ಅದಕ್ಕೆ ಸಕಾಲಕ್ಕೆ ಉತ್ತರ ಸಿಗಲಿಲ್ಲ. 1980ರ ಜುಲೈ 21ರಂದು ನರಗುಂದ, ನವಲಗುಂದದಲ್ಲಿ ಗಲಭೆ, ಗೋಲಿಬಾರ್ ನಡೆದು ಜೀವಗಳೇ ಹೋದವು. ಇಂದಿಗೂ ಆ ದಿನ ರೈತ ಹುತಾತ್ಮರ ದಿನ.

ಈಗ ಕಾಯ್ದೆಯ ಮಾತು. ಸಂವಿಧಾನದ 73ನೇ ತಿದ್ದುಪಡಿ 1993ರಲ್ಲಿ ಜಾರಿಗೆ ಬಂದು ಗ್ರಾಮಸಭೆಗೆ ಸಂವಿಧಾನದಲ್ಲಿ ಸ್ಥಾನ ಕೊಟ್ಟಿತು. ಅದೇ ವರ್ಷ ನಮ್ಮ ರಾಜ್ಯದ ಪಂಚಾಯತ್ ರಾಜ್ ಕಾಯ್ದೆಯೂ ಬಂತು. ಈ ಕಾಯ್ದೆಯ ಪ್ರಕಾರ ವಾರ್ಡ್ ಸಭೆ, ಗ್ರಾಮಸಭೆ ಎರಡೂ ಆರು ತಿಂಗಳಿಗೆ ಒಮ್ಮೆಯಾದರೂ ನಡೆಯಬೇಕು. ಹಾಜರಿದ್ದವರಲ್ಲಿ ಶೇಕಡ 30ರಷ್ಟಾದರೂ ಮಹಿಳೆಯರಿರಬೇಕು. ಬೀದಿದೀಪ, ನಳ, ಸಾರ್ವಜನಿಕ ಬಾವಿ ಎಲ್ಲಿ ಬೇಕು ಎಂದು ಸೂಚಿಸುವುದು, ಫಲಾನುಭವಿಗಳನ್ನು ಗುರುತಿಸುವುದು ವಾರ್ಡ್ ಸಭೆಯ ಕೆಲಸ. ಮತದಾರರ ಪಟ್ಟಿಯಲ್ಲಿ ಹೆಸರಿದ್ದ ಪ್ರತಿಯೊಬ್ಬ ಹೆಣ್ಣುಮಗಳೂ ಇದರ ಸದಸ್ಯೆ. ಯಾರೂ ಕರೆದು ಕೂಡಿಸಬೇಕಾಗಿಲ್ಲ, ಆರಿಸಿ ಬರಬೇಕಾಗಿಯೂ ಇಲ್ಲ.

ಆದರೆ ಊರು ಕೂಡಿದರೆ ಸಾಕು, ನ್ಯಾಯ ಸಿಗ್ತದೆ ಅಂತಲ್ಲ. ಹಳ್ಳಿಯೊಳಗಿನ ಜಾತಿ, ದರ್ಪವನ್ನು ಕಂಡಿದ್ದ ಡಾ. ಬಿ.ಆರ್. ಅಂಬೇಡ್ಕರ್ ಅವರು 1948ರ ನವೆಂಬರ್‌ನಲ್ಲಿ ಸಂವಿಧಾನ ಸಭೆಯಲ್ಲಿ ಹಳ್ಳಿಯನ್ನು ಹೊಗಳುವವರನ್ನು ಖಾರವಾಗಿಯೇ ಟೀಕಿಸಿದ್ದರು. ತಮಿಳುನಾಡಿನ ಗ್ರಾಮಸಭೆಗಳಲ್ಲಿ ಜನ ಆಡಿದ ಮಾತನ್ನು ಅಕ್ಷರಕ್ಕಿಳಿಸಿ ಮಾಡಿದ ಒಂದು ಅಧ್ಯಯನ 2019ರಲ್ಲಿ ಪ್ರಕಟವಾಯಿತು. ಅಲ್ಲಿ ಹೆಣ್ಣುಮಕ್ಕಳು ಮಾತಾಡಿದ್ದು ಕಡಿಮೆ. ಮಾತಾಡಿದಾಗಲೂ ಅವರ ಪ್ರಶ್ನೆಗೆ ಸರಿಯಾದ ಉತ್ತರ ಸಿಕ್ಕಿದ್ದು ಗಂಡಸರಿಗಿಂತ ಕಡಿಮೆ. ಅಧ್ಯಕ್ಷೆ ಮಹಿಳೆಯಾಗಿದ್ದ ಕಡೆ ಮಾತ್ರ ಉತ್ತರ ಸಿಗೋದು ಹೆಚ್ಚಾಗಿತ್ತು. ಕರ್ನಾಟಕದಲ್ಲಿ ಪಂಚಾಯಿತಿ ಸ್ಥಾನಗಳಲ್ಲಿ ಅರ್ಧದಷ್ಟು ಮಹಿಳೆಯರಿಗೆ ಮೀಸಲಾಗಿದ್ದು 2010ರಲ್ಲಿ. ಆದರೆ ಕುರ್ಚಿ ಮೇಲಿದ್ದ ಹೆಣ್ಣುಮಗಳಿಗೆ ಎದುರಿಗೆ ಕೂತ ಹೆಣ್ಣುಮಕ್ಕಳ ಬಲ ಬೇಕು.

ಹಾಗಾದರೆ ಏನು ಮಾಡೋದು? ಐದು ಕೆಲಸ ಹೇಳ್ತೇನೆ.

1. ಸಭೆಯ ತಯಾರಿ ಸಂಘದಲ್ಲೇ ಆಗಲಿ. ಓಣಿಯ ಮೂರು ಅಗತ್ಯಗಳನ್ನು ಆರಿಸಿ, ಪ್ರತಿಯೊಂದಕ್ಕೂ ಕಾರಣ ಬರೆಯಿರಿ. ‘ನೀರಿಲ್ಲ’ ಅಂದರೆ ಅದು ದೂರು. ‘ಇಷ್ಟು ಮನೆಗೆ ನಳ ಇಲ್ಲ, ಇಷ್ಟು ದೂರ ಕೊಡ ಹೊರ್ತೀವಿ’ ಅಂದರೆ ಅದು ಕಾರಣ. ಕೇರಳದಲ್ಲಿ 1998ರಲ್ಲಿ ಶುರುವಾದ ಕುಟುಂಬಶ್ರೀ ನೆರೆಹೊರೆ ಗುಂಪುಗಳ ಮಹಿಳೆಯರು ಹೀಗೆ ಮೊದಲು ತಮ್ಮೊಳಗೆ ಚರ್ಚಿಸಿ ಗ್ರಾಮಸಭೆಗೆ ಹೋಗುವುದನ್ನು ರೂಢಿ ಮಾಡಿಕೊಂಡರು.

2. ಸಂಘದಲ್ಲಿ ಇಲ್ಲದವರನ್ನೂ ಕೇಳಿರಿ. ವಾರದ ಉಳಿತಾಯ ಕಟ್ಟಲಾಗದೆ ಹೊರಗುಳಿದ ವಿಧವೆ, ದಲಿತ ಕೇರಿಯ ಅಕ್ಕ, ಗುಳೆ ಹೋಗಿ ಬರುವ ಕುಟುಂಬ – ಇವರ ಮಾತು ನಮ್ಮ ಪಟ್ಟಿಯಲ್ಲಿ ಇರದಿದ್ದರೆ, ದೊಡ್ಡವರು ನಮಗೆ ಮಾಡಿದ್ದನ್ನೇ ನಾವು ಅವರಿಗೆ ಮಾಡಿದ ಹಾಗಾಗ್ತದೆ.

3. ಕೂಡಿ ಹೋಗಿ, ಮುಂದೆ ಕೂಡಿರಿ. ಒಬ್ಬರು ಮಾತಾಡಿದರೆ ಇಬ್ಬರು ಬೆಂಬಲ ಕೊಡಿರಿ. ಎದುರಿನವರದ್ದು ಸರಿ ಇದ್ದರೆ ಒಪ್ಪಿಕೊಳ್ಳಿರಿ.

4. ಪಟ್ಟಿ ಓದಿದಾಗ ಕಾರಣ ಕೇಳಿರಿ. ‘ಈ ಹೆಸರು ಮೊದಲು ಯಾಕ್ರೀ? ಆ ಹೆಸರು ಯಾಕ ಬಿಟ್ಟೀರಿ?’ ಮನೆಗೆ ಪುಸ್ತಕ ತಂದು ಸಹಿ ಕೇಳಿದರೆ ಮಾಡಬೇಡಿರಿ. ನಡಾವಳಿ ಓದಿ ಹೇಳಿದ ಮೇಲೆಯೇ ಸಹಿ ಅಥವಾ ಹೆಬ್ಬೆಟ್ಟು. ಓದದೆ ಹಾಕಿದ ಸಹಿ, ನಿಮಗೆ ಬೇಡವಾದ ಠರಾವಿಗೂ ನಿಮ್ಮ ಒಪ್ಪಿಗೆ ಅಂತಲೇ ಲೆಕ್ಕ.

5. ಮುಂದಿನ ಸಭೆಯಲ್ಲಿ, ಹಿಂದಿನ ಠರಾವು ಏನಾಯಿತು ಅಂತ ಕೇಳಿರಿ. ಕೊಡದಿದ್ದರೆ 2005ರ ಮಾಹಿತಿ ಹಕ್ಕು ಕಾಯ್ದೆಯಡಿ ನಡಾವಳಿಯ ನಕಲು ಕೇಳಬಹುದು.

ಮೊದಲ ಸಲ ನಗ್ತಾರೆ. ‘ಇವರಿಗೇನು ತಿಳೀತದ’ ಅಂತಾರೆ. ನಾವು ಕೇಳಿದ ಮೂರರಲ್ಲಿ ಒಂದೂ ಆಗದೆ ಇರಬಹುದು. ಆದರೂ ಕೇಳಿದ್ದು ನಡಾವಳಿಯಲ್ಲಿ ಬರೆದಿದ್ದರೆ, ಮುಂದಿನ ಸಭೆಯಲ್ಲಿ ಉತ್ತರ ಹೇಳಬೇಕಾದವರು ಅವರು.

ಬರುವ ವಾರ ಸಂಘದ ಸಭೆಯಲ್ಲಿ ಉಳಿತಾಯ, ಸಾಲದ ಲೆಕ್ಕ ಮುಗಿದ ಮೇಲೆ ಅರ್ಧ ತಾಸು ಇದಕ್ಕೆ ಇಡಿರಿ. ನಿಮ್ಮ ವಾರ್ಡ್ ಸಭೆ ಕಡೆಯ ಸಲ ಯಾವಾಗ ನಡೆಯಿತು, ಅಲ್ಲಿ ಏನು ಬರೆದರು ಅಂತ ವಿಚಾರಿಸಲು ಇಬ್ಬರನ್ನು ಪಂಚಾಯಿತಿಗೆ ಕಳಿಸಿರಿ. ಶುರು ಅಲ್ಲಿಂದಲೇ ಆಗಲಿ.