ಕೊನೆಯ ಘಟ್ಟ ಗೆಲ್ಲುವುದು ಕತ್ತಿಯಿಂದಲ್ಲ, ಕೂಟದಿಂದ!

(ಆದಿಚುಂಚನಗಿರಿಯ ತಪ್ಪಲಲ್ಲಿ ಸೇರಿದ್ದ ಕನ್ನಡದ ಹುಡುಗ ಹುಡುಗಿಯರ ಮುಂದೆ ಆಡಿದ ಮಾತಿನ ಬರಹ ರೂಪ)



ಬೆಳ್ಳೂರು ಕ್ರಾಸಿನಲ್ಲಿ ಬಸ್ಸಿಳಿದು ಇಲ್ಲಿಗೆ ಬಂದಿದ್ದೀರಿ. ಬೆಟ್ಟದ ಮೇಲೆ ಕಾಲಭೈರವ, ಸುತ್ತಲ ಕಾಡಿನಲ್ಲಿ ನವಿಲು. ಇಂಥ ಜಾಗದಲ್ಲಿ ಕಂಪ್ಯೂಟರ್ ಆಟದ ಮಾತೇಕೆ ಎಂದು ಹಿರಿಯರು ಹುಬ್ಬೇರಿಸಬಹುದು. ಏರಿಸಲಿ! ನಮ್ಮ ಹುಡುಗರು ರಾತ್ರಿ ಎರಡು ಗಂಟೆಯವರೆಗೆ ಎಲ್ಲಿರುತ್ತಾರೋ ಅಲ್ಲಿಗೆ ಕನ್ನಡವೂ ಹೋಗಬೇಕು. ಜಾತ್ರೆಗೆ ಹೋಗಬೇಡಿ ಎಂದರೆ ಯಾರೂ ಕೇಳುವುದಿಲ್ಲ. ಜಾತ್ರೆಯಲ್ಲಿ ನಮ್ಮ ಅಂಗಡಿ ಇರಲಿ ಎಂದರೆ ಅದು ಬುದ್ಧಿವಂತಿಕೆ.

ನಾನು ಹೇಳುತ್ತಿರುವುದು ಜೂಜಿನ ಮಾತಲ್ಲ. ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಕಾಯ್ದೆಯನ್ನು ಸಂಸತ್ತು ೨೦೨೫ರಲ್ಲೇ ಮಾಡಿದೆ. ನಾನು ಹೇಳುತ್ತಿರುವುದು ಮೈನ್‌ಕ್ರಾಫ್ಟ್ ಮಾತು. ಸ್ವೀಡನ್ನಿನ ಮೊಜಾಂಗ್ ಎಂಬ ಚಿಕ್ಕ ಕಂಪನಿ ೨೦೧೧ರ ನವೆಂಬರಿನಲ್ಲಿ ಪೂರ್ಣರೂಪದಲ್ಲಿ ಹೊರತಂದ ಆಟ. ೨೦೧೪ರಲ್ಲಿ ಮೈಕ್ರೋಸಾಫ್ಟ್ ಆ ಕಂಪನಿಯನ್ನೇ ೨೫೦ ಕೋಟಿ ಡಾಲರಿಗೆ ಕೊಂಡಿತು. ೨೦೨೩ರ ಹೊತ್ತಿಗೆ ಆಟದ ೩೦ ಕೋಟಿ ಪ್ರತಿಗಳು ಮಾರಾಟವಾಗಿದ್ದವು.

ಆಡದವರಿಗಾಗಿ ಎರಡೇ ಮಾತು. ಬರಿಗೈಯಲ್ಲಿ ಒಂದು ಕಾಡಿಗೆ ಬೀಳುತ್ತೀರಿ. ಮರ ಕಡಿಯಬೇಕು, ಕಲ್ಲು ಒಡೆಯಬೇಕು, ಹೊಟ್ಟೆಗೆ ಹುಡುಕಬೇಕು, ರಾತ್ರಿಯಾದರೆ ಪಿಶಾಚಿಗಳಿಂದ ಉಳಿಯಬೇಕು. ಒಬ್ಬರೇ ಆಡಬಹುದು. ಐದಾರು ಮಂದಿ ಒಂದೇ ಸರ್ವರಿನಲ್ಲಿ ಸೇರಿಯೂ ಆಡಬಹುದು. ಮೊದಲ ರಾತ್ರಿ ಬದುಕುವುದನ್ನು ಎಲ್ಲರೂ ಕಲಿಯುತ್ತಾರೆ. ಮುಗ್ಗರಿಸುವುದು ಕೊನೆಯ ಘಟ್ಟದಲ್ಲಿ! ವಜ್ರದ ಕತ್ತಿ ಇದೆ, ವಜ್ರದ ಕವಚ ಇದೆ, ಆದರೂ ಎಂಡರ್ ಡ್ರ್ಯಾಗನ್ ಮುಂದೆ ಆರು ಮಂದಿಯೂ ನೆಲಕಚ್ಚುತ್ತಾರೆ. ಏಕೆ?

ಈ ಸೀಮೆಯ ಆಲೆಮನೆಗೆ ಹೋಗಿ ನೋಡಿ, ಉತ್ತರ ಅಲ್ಲಿದೆ. ಕಬ್ಬು ಬೆಳೆಯಲು ವರ್ಷ ಬೇಕು. ಹಾಲು ಕುದಿಯಲು ಗಂಟೆಗಳು ಬೇಕು. ಆದರೆ ಬೆಲ್ಲ ಆಗುವುದೋ ಕೆಡುವುದೋ ನಿರ್ಧಾರವಾಗುವುದು ಪಾಕ ಇಳಿಸುವ ಕೊನೆಯ ಕೆಲವು ಗಳಿಗೆಯಲ್ಲಿ. ಒಬ್ಬ ಒಲೆಗೆ ಸಿಪ್ಪೆ ತುಂಬುತ್ತಾನೆ, ಒಬ್ಬ ಕೊಪ್ಪರಿಗೆ ಕದಡುತ್ತಾನೆ, ಒಬ್ಬ ಹದ ನೋಡುತ್ತಾನೆ, ಒಬ್ಬ ಅಚ್ಚು ತೊಳೆದಿಟ್ಟುಕೊಂಡು ಕಾಯುತ್ತಾನೆ. ಹದ ನೋಡುವವನು ಕೂಗಿದ ಕೂಡಲೇ ಎಲ್ಲರ ಕೈಯೂ ಒಟ್ಟಿಗೆ ಆಡಬೇಕು. ನಾಲ್ವರೂ ಹದ ನೋಡಲು ನಿಂತರೆ ಬೆಲ್ಲ ತಳ ಹತ್ತುತ್ತದೆ! ನಿಮ್ಮ ಸರ್ವರಿನಲ್ಲಿ ಆಗುವುದೂ ಅದೇ. ಆರು ಮಂದಿಗೂ ಕತ್ತಿ ಹಿಡಿದು ಡ್ರ್ಯಾಗನ್ ಕಡಿಯುವ ಆಸೆ. ಬಿಲ್ಲು ಹಿಡಿಯುವವರಿಲ್ಲ, ಬುತ್ತಿ ಹೊರುವವರಿಲ್ಲ.

ಮೊದಲ ಪಾಠ, ದಾಸ್ತಾನು. ಇದನ್ನು ಕಲಿಯಲು ಇಲ್ಲೇ ಪಕ್ಕದ ಶ್ರೀರಂಗಪಟ್ಟಣದ ಚರಿತ್ರೆ ಸಾಕು. ೧೭೯೧ರ ಮೇ ತಿಂಗಳಲ್ಲಿ ಕಾರ್ನ್‌ವಾಲಿಸ್ ಬೆಂಗಳೂರು ಗೆದ್ದು ಇತ್ತ ಬಂದ. ಮೇ ೧೫ರಂದು ಅರಕೆರೆಯ ಬಳಿ ಕಾಳಗ, ಅದರಲ್ಲೂ ಅವನದೇ ಕೈಮೇಲು. ಕೋಟೆ ಕಣ್ಣಳತೆಯಲ್ಲಿತ್ತು. ಆದರೆ ದವಸ ಮುಗಿದಿತ್ತು, ಎಳೆಯುವ ಎತ್ತುಗಳು ಸಾಯುತ್ತಿದ್ದವು, ಮಳೆ ಹಿಡಿದಿತ್ತು. ಎಳೆಯಲಾಗದ ದೊಡ್ಡ ಫಿರಂಗಿಗಳನ್ನು ತಾನೇ ಒಡೆದು ಹಾಕಿ ಹಿಂದಿರುಗಿದ. ಕಾಳಗ ಗೆದ್ದವನು ಕೋಟೆ ಮುಟ್ಟಲಿಲ್ಲ! ಆಮೇಲೆ ಏನು ಮಾಡಿದ? ದಾರಿಯ ನಂದಿದುರ್ಗ, ಸಾವನದುರ್ಗಗಳನ್ನು ಹಿಡಿದು ಸರಬರಾಜಿನ ದಾರಿ ಭದ್ರ ಮಾಡಿಕೊಂಡ. ೧೭೯೨ರ ಫೆಬ್ರವರಿ ೬ರ ರಾತ್ರಿ ಮತ್ತೆ ಮೇಲೆ ಬಿದ್ದ. ಮಾರ್ಚಿನಲ್ಲಿ ಒಪ್ಪಂದವಾಗಿ ಟಿಪ್ಪು ಅರ್ಧ ರಾಜ್ಯ ಬಿಟ್ಟುಕೊಡಬೇಕಾಯಿತು. ಹೊರಗಿನಿಂದ ಬಂದವನು ಒಂಬತ್ತು ತಿಂಗಳಲ್ಲಿ ಕಲಿತ ಪಾಠವನ್ನು ಈ ಮಣ್ಣಿನವರು ಕಲಿಯಬಾರದೇ?

ಆಟದಲ್ಲಿ ಇದರ ಅರ್ಥ ಇಷ್ಟು. ಎಂಡ್ ಲೋಕದ ಬಾಗಿಲಿಗೆ ಹನ್ನೆರಡು ಕಣ್ಣು ಕೂರಿಸಬೇಕು. ದಾರಿ ಹುಡುಕಲು ಕಣ್ಣನ್ನು ಮೇಲಕ್ಕೆ ಎಸೆದಾಗಲೆಲ್ಲ ಅದು ಒಡೆದುಹೋಗುವ ಸಾಧ್ಯತೆ ಐದಕ್ಕೆ ಒಂದು. ಹಾಗಾಗಿ ಹದಿನಾರಾದರೂ ಕೂಡಿಡಿ. ಒಳಕ್ಕೆ ಹೋದ ಮೇಲೆ ಡ್ರ್ಯಾಗನ್ ಸಾಯಬೇಕು, ಇಲ್ಲವೇ ನೀವು ಸಾಯಬೇಕು. ನಡುವೆ ಹಿಂದಿರುಗುವ ದಾರಿ ಇಲ್ಲ! ಆದ್ದರಿಂದ ಬಾಗಿಲಿನ ಕೋಣೆಯ ಪಕ್ಕದಲ್ಲೇ ಆರು ಹಾಸಿಗೆ ಹಾಕಿ, ಎಲ್ಲರೂ ಒಮ್ಮೆ ಅದರಲ್ಲಿ ಮಲಗಿ ಏಳಿ. ಸತ್ತವನು ಮೈಲಿ ದೂರದ ಮನೆಯಲ್ಲಿ ಹುಟ್ಟುವುದಿಲ್ಲ, ಅಲ್ಲೇ ಹುಟ್ಟುತ್ತಾನೆ. ಪಕ್ಕದ ಪೆಟ್ಟಿಗೆಯಲ್ಲಿ ಬಿಡಿ ಕವಚ, ಬಿಲ್ಲು, ಬಾಣ, ರೊಟ್ಟಿ ಇರಲಿ. ಸತ್ತಾಗ ಚೆಲ್ಲಿದ ಸಾಮಾನು ಐದು ನಿಮಿಷದಲ್ಲಿ ಮಾಯವಾಗುತ್ತದೆ. ಪಾತಾಳಕ್ಕೆ ಬಿದ್ದರೆ ಅದೂ ಇಲ್ಲ. ಎಂಡ್ ಲೋಕದಲ್ಲಿ ಮಾತ್ರ ಹಾಸಿಗೆ ಹಾಸಿ ಮಲಗಲು ಹೋಗಬೇಡಿ. ಅಲ್ಲಿ ಹಾಸಿಗೆ ಸಿಡಿಮದ್ದಿನಂತೆ ಸಿಡಿಯುತ್ತದೆ!

ಎರಡನೆಯ ಪಾಠ, ಕೆಲಸದ ಹಂಚಿಕೆ. ಎಂಡ್ ಲೋಕದಲ್ಲಿ ಹತ್ತು ಕಪ್ಪು ಕಂಬಗಳ ಮೇಲೆ ಹತ್ತು ಹರಳುಗಳಿವೆ. ಎಷ್ಟೇ ಹೊಡೆದರೂ ಡ್ರ್ಯಾಗನ್ ಗಾಯ ಮಾಯುವುದು ಆ ಹರಳುಗಳಿಂದ. ಅವು ಇರುವವರೆಗೆ ಡ್ರ್ಯಾಗನ್ ಮೇಲೆ ಕೈಮಾಡುವುದು ತೂತು ಬಿಂದಿಗೆಗೆ ನೀರು ತುಂಬಿದ ಹಾಗೆ. ಇಬ್ಬರು ಬಿಲ್ಲುಗಾರರು ದೂರದಿಂದಲೇ ಹರಳು ಒಡೆಯಲಿ, ಹತ್ತಿರ ಹೋದರೆ ಸ್ಫೋಟಕ್ಕೆ ಸಿಗುತ್ತೀರಿ. ಎರಡು ಹರಳುಗಳಿಗೆ ಕಬ್ಬಿಣದ ಪಂಜರವಿದೆ. ಅವಕ್ಕೆ ಕಂಬ ಹತ್ತುವವನೊಬ್ಬ ಬೇಕು. ಡ್ರ್ಯಾಗನ್ ಮೇಲಕ್ಕೆ ಚಿಮ್ಮಿಸಿದರೆ ಮೂಳೆ ಪುಡಿಯಾಗದಂತೆ ನಿಧಾನ ಇಳಿಸುವ ಕಷಾಯ ಅವನ ಬಳಿ ಇರಲಿ. ನಾಲ್ಕನೆಯವನು ನೀರಿನ ಬಕೆಟ್ ಹಿಡಿದು ಎಂಡರ್‌ಮನ್‌ಗಳನ್ನು ದೂರವಿಡಲಿ, ನೀರೆಂದರೆ ಅವಕ್ಕೆ ಆಗದು. ಎಂಡರ್‌ಮನ್ ಕಣ್ಣಲ್ಲಿ ಕಣ್ಣಿಟ್ಟರೆ ಮೇಲೆ ಬೀಳುತ್ತಾನೆ. ತಲೆಗೆ ಕುಂಬಳಕಾಯಿ ಹಾಕಿಕೊಂಡರೆ ನೋಡಿದರೂ ಸುಮ್ಮನಿರುತ್ತಾನೆ. ನಮ್ಮ ಗಾದೆಯಲ್ಲಿ ಕುಂಬಳಕಾಯಿ ಕಳ್ಳನನ್ನು ಹಿಡಿದುಕೊಡುತ್ತದೆ, ಇಲ್ಲಿ ಕಾಪಾಡುತ್ತದೆ!

ಉಳಿದ ಇಬ್ಬರು ಕತ್ತಿಯವರು ನಡುವಿನ ಕಟ್ಟೆಯ ಬಳಿ ತಾಳ್ಮೆಯಿಂದ ಕಾಯಲಿ. ಡ್ರ್ಯಾಗನ್ ಆ ಕಟ್ಟೆಯ ಮೇಲೆ ಇಳಿದು ಕೂರುತ್ತದೆ. ಕೂತಾಗ ಬಾಣ ನಾಟುವುದಿಲ್ಲ, ಕತ್ತಿಯೇ ಬೇಕು. ತಲೆಗೆ ಹೊಡೆದರೆ ಪೂರ್ತಿ ಪೆಟ್ಟು. ಮೈಗೆ ಹೊಡೆದರೆ ಪೆಟ್ಟಿನ ಬಲ ಕುಗ್ಗುತ್ತದೆ. ಅದು ಉಗುಳುವ ನೇರಳೆ ಹೊಗೆಯಿಂದ ಸರಿದು ನಿಲ್ಲಿ. ಗಾಳಿಯಲ್ಲಿದ್ದಾಗ ಬಿಲ್ಲು, ಕೂತಾಗ ಕತ್ತಿ. ಇಷ್ಟು ನೆನಪಿದ್ದರೆ ಅರ್ಧ ಗೆದ್ದಂತೆ.

ಮೂರನೆಯ ಪಾಠ, ಮಾತು. ಇದು ನಮ್ಮ ಪಾಠ! ಆ ಗದ್ದಲದಲ್ಲಿ ಅಪಾಯವನ್ನು ಕೂಗಿ ಹೇಳಲು ಎರಡು ಸೆಕೆಂಡು ಸಿಗುತ್ತದೆ. ಆ ಹೊತ್ತಿನಲ್ಲಿ ಬಾಯಿಗೆ ಬರುವುದು ತಾಯ್ನುಡಿ. ಆದರೂ ನಮ್ಮ ಹುಡುಗರ ಸರ್ವರಿನಲ್ಲಿ ಹೆಡ್‌ಫೋನ್ ಏರಿಸಿದ ಕೂಡಲೇ ಕನ್ನಡ ಇಳಿಸುತ್ತಾರೆ. ನಾಗಮಂಗಲದ, ಕೆ.ಆರ್. ಪೇಟೆಯ ಕನ್ನಡ ಶಾಲೆಯಿಂದ ಬಂದು ಬೆಂಗಳೂರಿನ ಹಾಸ್ಟೆಲಿನಲ್ಲಿರುವ ಹುಡುಗ ಆ ಇಂಗ್ಲಿಷಿನ ನಡುವೆ ಬಾಯಿ ಮುಚ್ಚಿ ಕೂರುತ್ತಾನೆ. ಅವನಿಗೆ ಕಂಡ ಅಪಾಯ ಉಳಿದ ಐವರಿಗೆ ತಿಳಿಯುವುದೇ ಇಲ್ಲ. ಬಾಯಿ ಮುಚ್ಚಿಸಿದ್ದು ಒಬ್ಬನದು, ಸೋತದ್ದು ಆರು ಮಂದಿ!

ಕನ್ನಡದಲ್ಲಿ ಕೂಗಿದರೆ ಸಾಲದು, ಯಾವ ಮಾತಿಗೆ ಏನರ್ಥ ಎಂದು ಮೊದಲೇ ಗೊತ್ತುಮಾಡಿಕೊಳ್ಳಿ. "ಸರಿ" ಎಂದು ಕೂಗಿದರೆ ಒಪ್ಪಿದೆ ಎಂದೋ, ಪಕ್ಕಕ್ಕೆ ಹೋಗು ಎಂದೋ? "ಜರುಗು" ಎನ್ನಿ, ಗೊಂದಲವಿಲ್ಲ. "ಬಿಡು" ಎಂದರೆ ಬಾಣ ಬಿಡಬೇಕೋ, ಆಸೆ ಬಿಡಬೇಕೋ? "ಹೊಡಿ" ಎನ್ನಿ. ಡ್ರ್ಯಾಗನ್ ಕಟ್ಟೆಗೆ ಬಂದರೆ "ಕೂತಿತು", ಎದ್ದರೆ "ಹಾರಿತು". ಡ್ರ್ಯಾಗನ್, ಎಂಡರ್‌ಮನ್ ಎಂಬ ಹೆಸರುಗಳು ಹಾಗೇ ಇರಲಿ, ಬಸ್ಸು ಕಾರುಗಳಂತೆ ಅವೂ ನಮ್ಮ ಬಾಯಲ್ಲಿ ಪಳಗುತ್ತವೆ. ಹೆಸರು ಎರವಲಾದರೆ ನಷ್ಟವಿಲ್ಲ. ಕ್ರಿಯಾಪದ ಎರವಲಾದರೆ ನುಡಿಯೇ ಎರವಲು!

ನಾಲ್ಕನೆಯ ಪಾಠ, ಗೆದ್ದ ಮೇಲಿನ ಜಗಳ. ಡ್ರ್ಯಾಗನ್ ಸತ್ತ ಮೇಲೆ ಹೊರದ್ವೀಪಗಳಿಗೆ ಬಾಗಿಲು ತೆರೆಯುತ್ತದೆ. ಅಲ್ಲಿನ ಕೆಲವು ಊರುಗಳಲ್ಲಿ ತೇಲುವ ಹಡಗು, ಹಡಗಿನಲ್ಲಿ ಎಲಿಟ್ರಾ ಎಂಬ ರೆಕ್ಕೆ. ಒಂದು ಹಡಗಿಗೆ ಒಂದೇ ರೆಕ್ಕೆ! ಆರು ಮಂದಿ, ಒಂದು ರೆಕ್ಕೆ. ಎಷ್ಟೋ ಗೆಳೆತನ ಮುರಿಯುವುದು ಇಲ್ಲೇ. ಯಾರಿಗೆ ಮೊದಲು ಎಂಬುದನ್ನು ಒಳಗೆ ಹೋಗುವ ಮುನ್ನವೇ ತೀರ್ಮಾನಿಸಿ. ನನ್ನ ಸಲಹೆ ಇದು. ಮೊದಲ ರೆಕ್ಕೆ ಉಳಿದವರಿಗಾಗಿ ಹಡಗು ಹುಡುಕುವವನಿಗೆ, ಕೊನೆಯದು ನಾಯಕನಿಗೆ. ಹಂಚಿ ತಿನ್ನುವ ಮನೆಯಲ್ಲಿ ಬಡಿಸುವವನು ಕೊನೆಗೆ ಉಣ್ಣುತ್ತಾನೆ.

ಮುಂದಿನ ಸವಾಲು ವಿದರ್. ಅದನ್ನು ಕರೆಸಲು ಮೂರು ಕಪ್ಪು ತಲೆಬುರುಡೆ ಬೇಕು. ಒಂದು ಬುರುಡೆ ಬೀಳುವ ಸಾಧ್ಯತೆ ನೂರಕ್ಕೆ ಎರಡೂವರೆ. ಲೂಟಿಯ ಮಂತ್ರವನ್ನು ಮೂರನೇ ಮಟ್ಟಕ್ಕೆ ಏರಿಸಿದ ಕತ್ತಿಯಿದ್ದರೆ ಐದೂವರೆ. ಒಬ್ಬನೇ ಹೋದರೆ ಬೇಸತ್ತು ಆಟ ಬಿಡುತ್ತಾನೆ. ಸರದಿ ಹಾಕಿಕೊಂಡು ಹೋದರೆ ಬೇಗ ಮುಗಿಯುತ್ತದೆ. ವಿದರನ್ನು ನಿಮ್ಮ ಮನೆಯ ಹತ್ತಿರ ಮಾತ್ರ ಕರೆಸಬೇಡಿ, ಕಟ್ಟಿದ್ದೆಲ್ಲ ನೆಲಸಮ! ಆಳದ ಇಕ್ಕಟ್ಟು ಸುರಂಗದಲ್ಲಿ ಕರೆಸಿ. ಅರ್ಧ ಜೀವ ಹೋದ ಮೇಲೆ ಅದಕ್ಕೆ ಬಾಣ ತಾಗುವುದಿಲ್ಲ, ಕತ್ತಿಯವರು ಸಿದ್ಧರಿರಲಿ. ಇನ್ನು ೨೦೨೨ರಲ್ಲಿ ಬಂದ ವಾರ್ಡನ್. ಕಣ್ಣಿಲ್ಲ, ಕಿವಿಯೇ ಎಲ್ಲ. ಅದರ ಜೊತೆ ಕಾದಾಡುವುದು ಶೌರ್ಯವಲ್ಲ, ದಡ್ಡತನ. ಬಗ್ಗಿ, ಸದ್ದಿಲ್ಲದೆ ನಡೆದು ಬನ್ನಿ.

ಇಷ್ಟೆಲ್ಲ ಆದ ಮೇಲೆ ಬರುವುದು ಎಲ್ಲಕ್ಕಿಂತ ದೊಡ್ಡ ಶತ್ರು. ಅದರ ಹೆಸರು ಬೇಸರ! ಡ್ರ್ಯಾಗನ್ ಸತ್ತಿತು, ರೆಕ್ಕೆ ಬಂತು, ಪೆಟ್ಟಿಗೆ ತುಂಬಿತು. ಇನ್ನೇನು? ಎರಡು ವಾರದಲ್ಲಿ ಸರ್ವರ್ ಬಿಕೋ ಎನ್ನುತ್ತದೆ. ಕೊನೆಯ ಘಟ್ಟವನ್ನು ನಿಜವಾಗಿ ಗೆದ್ದವರು ಯಾರೆಂದರೆ, ಗೆದ್ದ ಮೇಲೂ ಜೊತೆಗೆ ಕೂತು ಕಟ್ಟುವವರು.

ಏನು ಕಟ್ಟುವುದು? ಕಣ್ಣು ಬಿಟ್ಟು ಸುತ್ತ ನೋಡಿ! ಇದು ಚೌಕಲ್ಲಿನ ಆಟ, ನಮ್ಮದು ಕಲ್ಲಿನ ನಾಡು. ನಾಗಮಂಗಲದ ಸೌಮ್ಯಕೇಶವ, ಕಂಬದಹಳ್ಳಿಯ ಪಂಚಕೂಟ ಬಸದಿ, ಕೆ.ಆರ್. ಪೇಟೆ ಬಳಿಯ ಹೊಸಹೊಳಲಿನ ಲಕ್ಷ್ಮೀನಾರಾಯಣ, ಪಾಂಡವಪುರ ತಾಲ್ಲೂಕಿನ ಮೇಲುಕೋಟೆಯ ಕಲ್ಯಾಣಿ, ಶ್ರೀರಂಗಪಟ್ಟಣದ ಕೋಟೆ. ಊರಿಗೆ ಹೋದಾಗ ಹೆಜ್ಜೆಯಲ್ಲಿ ಅಳೆದು ತನ್ನಿ. ಕಲ್ಯಾಣಿಯ ಮೆಟ್ಟಿಲು ಎಣಿಸಿ ತನ್ನಿ. ಇಂಗ್ಲಿಷ್ ಮುಂದೆ ಬಾಯಿ ಕಟ್ಟಿದ್ದ ಆ ಹಾಸ್ಟೆಲ್ ಹುಡುಗನಿಗೆ ಇದು ಅಂಗೈ ನೆಲ್ಲಿಕಾಯಿ. ಈಗ ಅವನು ಹೇಳಲಿ, ನೀವು ಕಟ್ಟಿ!

ಕೊನೆಯದಾಗಿ ಒಂದು ಕೆಲಸ. ಈ ಆಟದ ಜಾವಾ ಆವೃತ್ತಿಯ ಭಾಷೆಗಳ ಪಟ್ಟಿಯಲ್ಲಿ "ಕನ್ನಡ (ಭಾರತ)" ಇದೆ! ಎಷ್ಟು ಮಂದಿ ಒತ್ತಿ ನೋಡಿದ್ದೀರಿ? ಅದನ್ನು ಕನ್ನಡಿಸುತ್ತಿರುವವರು ಸಂಬಳದವರಲ್ಲ. ಕ್ರೌಡಿನ್ ಎಂಬ ತಾಣದಲ್ಲಿ ಬಿಡುವಿನಲ್ಲಿ ಕೂತು ಒಂದೊಂದೇ ಸಾಲು ಅನುವಾದಿಸುವ ನಿಮ್ಮಂಥವರು. ಒಬ್ಬರು ಪದ ಸೂಚಿಸುತ್ತಾರೆ, ಉಳಿದವರು ಮತ ಹಾಕುತ್ತಾರೆ, ಕರಡು ತಿದ್ದುವವರು ಒಪ್ಪಿಗೆ ಕೊಡುತ್ತಾರೆ. ಅನುವಾದವಾಗದ ಸಾಲು ಇಂಗ್ಲಿಷಿನಲ್ಲೇ ಉಳಿಯುತ್ತದೆ. ಅದಕ್ಕೆ ಯಾವ ಸರಕಾರವನ್ನು ಬೈಯುತ್ತೀರಿ? ಯಾವ ಕಚೇರಿಗೆ ಮುತ್ತಿಗೆ ಹಾಕುತ್ತೀರಿ? ಬಾಗಿಲು ತೆರೆದೇ ಇದೆ, ಒಳಗೆ ಹೋಗಿ ಕೂರುವವರು ಬೇಕು.

ಇವತ್ತು ಮನೆಗೆ ಹೋದವರು ಮೊದಲು ಆಟದ ಭಾಷೆ ಬದಲಿಸಿ. ತಪ್ಪು ಪದ ಕಂಡರೆ ನಗಬೇಡಿ, ಒಳ್ಳೆಯ ಪದ ಸೂಚಿಸಿ. ವಾರಕ್ಕೆ ಹತ್ತು ಸಾಲು ಸಾಕು. ನಾಳೆ ಹುಟ್ಟುವ ಮಗು ಈ ಆಟ ತೆರೆದಾಗ ಅಮ್ಮನ ನುಡಿಯಲ್ಲೇ ಮೊದಲ ಮರ ಕಡಿಯಲಿ, ಮೊದಲ ದೀಪ ಹಚ್ಚಲಿ.

ಸಿರಿಗನ್ನಡಂ ಗೆಲ್ಗೆ!